ಸಾಹುಕಾರರ ಗಲ್ಲಾಪೆಟ್ಟಿಗೆ

ಮದರಾಸಿನ ಸೌಕಾರ್‌ಪೇಟೆಯಲ್ಲಿ, ಗುಜರಾತಿ ಮಾರವಾಡಿ ವರ್ತಕರ ಹಳೆಯ ಗದ್ದಿಗಳೊಳಗೆ, ಬಿಳಿಯ ಹಾಸಿನ ಮೇಲೆ ಚಕ್ಕಂಬಕ್ಕಳ ಹಾಕಿ ಕುಳಿತವನ ಮೊಣಕಾಲಿಗಿಂತ ತುಸುವೇ ಎತ್ತರವಾಗಿ, ಮುಚ್ಚಳವೇ ಬರವಣಿಗೆಯ ಹಲಗೆಯಾಗುವಂತೆ ಓರೆಯಾಗಿ ರಚಿತವಾದ ಗಲ್ಲಾಪೆಟ್ಟಿಗೆಯನ್ನು ಕಂಡವರಿಗೆ, ಇಲ್ಲಿ ಕಾಷ್ಠವೇ ಮನುಷ್ಯನ ಆಸನಕ್ರಮವನ್ನು ಕಲಿತುಕೊಂಡಿದೆಯೆಂದು ತೋರದಿರದು.

ನಾನು ನೋಡಿದುದು ತೇಗದ್ದು. ಬರ್ಮಾದಿಂದ ಹಡಗೇರಿ ಈ ಬಂದರಿಗೆ ಬರುತ್ತಿದ್ದ ಜಾತಿಯ ಮರವಿರಬೇಕು. ಒಳಖಾನೆಯನ್ನು ಹೊರಗೆಳೆದರೆ, ಹಲಗೆಗಳು ಕೂಡುವ ಮೂಲೆಯಲ್ಲಿ ಪಾರಿವಾಳದ ಬಾಲದಂತೆ ತುದಿ ಅಗಲಿಸಿ ಕೊರೆದ ಹಲ್ಲುಗಳು ಒಂದರೊಳಗೊಂದು ಸೇರಿ, ಎಳೆದಷ್ಟೂ ಬಿಗಿಯಾಗುವ ಬಂಧವೊಂದು ಮೊಳೆಯ ಹಂಗಿಲ್ಲದೆ ನಿಂತಿದೆ. ಒಂದೊಂದು ಹಲ್ಲಿಗೂ ಒಂದೊಂದು ಅಗಲ. ಅಳತೆಗೆಂದು ಗೀಚಿದ ಸೂಜಿಗೆರೆಯನ್ನು ಆಚಾರಿಯು ಅಳಿಸಲು ಮರೆತಿದ್ದಾನೆ. ಯಂತ್ರಕ್ಕೆ ಈ ಮರೆವು ಎಲ್ಲಿಂದ ಬರಬೇಕು!

ಲಂಡನ್ನಿನ ಥಾಮಸ್ ಚಿಪ್ಪೆಂಡೇಲನು 1754ರಲ್ಲಿ ತನ್ನ ವಿನ್ಯಾಸಗಳ ಗ್ರಂಥವನ್ನು ಅಚ್ಚು ಹಾಕಿಸಿ ಕುರ್ಚಿಮೇಜುಗಳಿಗೆ ಕೀರ್ತಿಯನ್ನು ತಂದನು. ವಿಶಾಖಪಟ್ಟಣದ ಕುಶಲಿಗಳು ಅದೇ ಶತಮಾನದಲ್ಲಿ ಆಂಗ್ಲರ ಆಕೃತಿಗಳಿಗೆ ದಂತದ ಹೂಬಳ್ಳಿಯನ್ನು ತೊಡಿಸಿದರು. ನಮ್ಮ ಮೈಸೂರಿನವರಾದರೋ ಬೀಟೆಯ ಕೃಷ್ಣವರ್ಣದಲ್ಲಿ ದಂತವನ್ನು ಹುದುಗಿಸಿ ಅರಮನೆಯ ಬಾಗಿಲುಗಳನ್ನು ಬೆಳಗಿಸಿದರು. ಇವುಗಳ ಮುಂದೆ ಸೌಕಾರ್‌ಪೇಟೆಯ ಪೆಟ್ಟಿಗೆ ಮಿತಭಾಷಿ, ಮತ್ತು ನನಗೆ ಅದೇ ಹೆಚ್ಚು ಪ್ರಿಯ. ಸ್ಪಿರಿಟ್ಟಿನಲ್ಲಿ ಕರಗಿಸಿದ ಅರಗನ್ನು ಬಟ್ಟೆಯುಂಡೆಯಿಂದ ಪದರಪದರವಾಗಿ ತಿಕ್ಕಿ ಬರಿಸಿದ ಆ ಹೊಳಪು, ಬಲಗೈ ಊರುವ ಅಂಚಿನಲ್ಲಿ ಮಾತ್ರ ಸಂಪೂರ್ಣವಾಗಿ ಸವೆದು, ಅಲ್ಲಿ ಮರವು ಅಂಗೈಯ ಬಣ್ಣಕ್ಕೆ ತಿರುಗಿದೆ.