ಕೆಡದ ಪೆಟ್ಟಿಗೆ, ನಿಂತ ಚಿತ್ರ

1982ರ ಆಗಸ್ಟ್ 15ರಂದು ದೂರದರ್ಶನವು ಬಣ್ಣದ ಪ್ರಸಾರವನ್ನು ಆರಂಭಿಸಿತು. ಆ ವರ್ಷದ ಕೊನೆಯಲ್ಲಿ ದೆಹಲಿಯಲ್ಲಿ ನಡೆದ ಏಷ್ಯನ್ ಕ್ರೀಡಾಕೂಟವನ್ನು ಬಣ್ಣದಲ್ಲಿ ನೋಡಿದವರು ಕೆಲವರೇ. ಹೆಚ್ಚಿನವರ ಮನೆಯಲ್ಲಿದ್ದುದು, ಇದ್ದರೆ, ಮರದ ಜಾರುಬಾಗಿಲಿನ ಕಪ್ಪು-ಬಿಳುಪು ಟಿ.ವಿ. ಪ್ರಸಾರದ ವಿಧಾನ ಬದಲಾದರೂ ಆ ಟಿ.ವಿ.ಗಳು ನಿಂತುಹೋಗಲಿಲ್ಲ. ಕಾರಣ ಸರಳವಾದುದು. ಪಾಲ್ ಎಂಬ ಪ್ರಸಾರ ಪದ್ಧತಿಯಲ್ಲಿ ಚಿತ್ರದ ಪ್ರಕಾಶದ ವಿವರ ಒಂದು ಸಂಜ್ಞೆಯಲ್ಲಿರುತ್ತದೆ. ಬಣ್ಣದ ವಿವರ ಪ್ರತ್ಯೇಕವಾದ ಉಪವಾಹಕ ತರಂಗದಲ್ಲಿರುತ್ತದೆ. ಹಳೆಯ ಟಿ.ವಿ. ಮೊದಲನೆಯದನ್ನು ಬಳಸಿಕೊಂಡು ಎರಡನೆಯದನ್ನು ಬಿಟ್ಟುಬಿಡುತ್ತದೆ. ಹೊಸದನ್ನು ತರುವಾಗ ಹಳಬರನ್ನು ಕೈಬಿಡಬಾರದು ಎಂಬ ಎಚ್ಚರ ಆ ವಿನ್ಯಾಸದಲ್ಲೇ ಅಡಗಿತ್ತು.

ಇಂದು ಚಲನಚಿತ್ರಗಳು ಅಂತರಜಾಲದ ಮೂಲಕ ಮನೆಗೆ ಹರಿದುಬರುತ್ತಿವೆ. ಈ ಹೊಸ ಪ್ರಸಾರದಲ್ಲಿ ಅಂಥ ಎಚ್ಚರ ಉಳಿದಿದೆಯೇ? ಇದನ್ನು ಪರೀಕ್ಷಿಸಲು ಒಳ್ಳೆಯ ಉದಾಹರಣೆಯೆಂದರೆ ಅಮೆರಿಕದ ಮನೆಗಳಲ್ಲಿ ವಿಡಿಯೊ ಆಟದ ಪೆಟ್ಟಿಗೆಗಳಿಗೆ, ಅಂದರೆ ಗೇಮ್ ಕನ್ಸೋಲ್‌ಗಳಿಗೆ, ಆದ ಗತಿ.

ಆಟದ ಪೆಟ್ಟಿಗೆಯಲ್ಲಿ ಸಿನಿಮಾ

ನೆಟ್‌ಫ್ಲಿಕ್ಸ್ ಸಂಸ್ಥೆ 2007ರಲ್ಲಿ ಅಂತರಜಾಲದ ಮೂಲಕ ಚಿತ್ರಗಳನ್ನು ಕಳುಹಿಸಲು ತೊಡಗಿತು. ಆಗ ಅವನ್ನು ನೋಡಲು ಕಂಪ್ಯೂಟರ್ ಮುಂದೆ ಕೂರಬೇಕಿತ್ತು. ಟಿ.ವಿ.ಗೆ ಆಗಲೇ ಜೋಡಿಸಿದ್ದು ಅಂತರಜಾಲಕ್ಕೂ ಸೇರಬಲ್ಲ ಸಾಧನ ಬಹಳ ಮನೆಗಳಲ್ಲಿ ಒಂದೇ ಇತ್ತು; ಅದೇ ಮಕ್ಕಳ ಆಟದ ಕನ್ಸೋಲ್. ಹೀಗಾಗಿ 2008ರ ನವೆಂಬರ್‌ನಲ್ಲಿ ಎಕ್ಸ್‌ಬಾಕ್ಸ್ 360ಕ್ಕೂ 2009ರಲ್ಲಿ ಪ್ಲೇಸ್ಟೇಷನ್ 3ಕ್ಕೂ 2010ರಲ್ಲಿ ನಿಂಟೆಂಡೊ ಸಂಸ್ಥೆಯ ‘ವೀ’ ಎಂಬ ಕನ್ಸೋಲ್‌ಗೂ ಈ ಸೇವೆ ಬಂದಿತು. ವೀ ಬಳಸುವವರಿಗೆ ಮೊದಮೊದಲು ಅಂಚೆಯಲ್ಲಿ ಒಂದು ಡಿಸ್ಕ್ ಬರುತ್ತಿತ್ತು. ಚಿತ್ರ ನೋಡುವಾಗಲೆಲ್ಲ ಅದನ್ನು ಕನ್ಸೋಲ್‌ಗೆ ತುರುಕಬೇಕು. ಅದೇ ವರ್ಷದ ಅಕ್ಟೋಬರ್‌ನಿಂದ ಡಿಸ್ಕ್‌ನ ಅಗತ್ಯ ಇಲ್ಲವಾಯಿತು.

2006ರಲ್ಲಿ ಮಾರುಕಟ್ಟೆಗೆ ಬಂದ ವೀ ಜಗತ್ತಿನಾದ್ಯಂತ 10 ಕೋಟಿಗೂ ಹೆಚ್ಚು ಮಾರಾಟವಾಯಿತು. ಅದರಲ್ಲಿ ಯೂಟ್ಯೂಬ್ 2017ರಲ್ಲಿ ನಿಂತಿತು. 2019ರ ಜನವರಿಯ ಕೊನೆಯಲ್ಲಿ ನೆಟ್‌ಫ್ಲಿಕ್ಸ್ ಸೇರಿದಂತೆ ಉಳಿದಿದ್ದ ವಿಡಿಯೊ ಸೇವೆಗಳೆಲ್ಲ ಒಟ್ಟಿಗೆ ನಿಂತವು. ಕನ್ಸೋಲ್ ಮಾತ್ರ ಕೆಟ್ಟಿರಲಿಲ್ಲ. ಆಟದ ಡಿಸ್ಕ್ ಹಾಕಿದರೆ ಹಿಂದಿನಂತೆಯೇ ಓಡುತ್ತಿತ್ತು.

ಇದಕ್ಕೆ ಸಾಮಾನ್ಯವಾಗಿ ಕೇಳಿಬರುವ ಸಮಜಾಯಿಷಿ ಒಂದೇ: ‘ಯಂತ್ರ ಹಳತಾಯಿತು, ಹೊಸ ಸೇವೆಯ ಭಾರ ಅದಕ್ಕೆ ತಡೆಯದು.’ ಈ ಮಾತನ್ನು ನಂಬುವ ಮೊದಲು ಲೆಕ್ಕ ಹಾಕಿ ನೋಡುವುದು ವಿಜ್ಞಾನದ ವಿದ್ಯಾರ್ಥಿಗಳಿಗೆ ಉಚಿತ.

ಲೆಕ್ಕ ಏನು ಹೇಳುತ್ತದೆ?

ವೀ ತೋರಿಸಬಲ್ಲ ಚಿತ್ರದ ಗಾತ್ರ ಸುಮಾರು 640 × 480, ಅಂದರೆ 3,07,200 ಚಿತ್ರಬಿಂದುಗಳು. ಪ್ರತಿ ಬಿಂದುವಿಗೆ 24 ಬಿಟ್, ಸೆಕೆಂಡಿಗೆ 30 ಚಿತ್ರಗಳು ಎಂದುಕೊಂಡರೆ ಸೆಕೆಂಡಿಗೆ ಸುಮಾರು 22.1 ಕೋಟಿ ಬಿಟ್‌ಗಳಾಗುತ್ತವೆ. ಇಷ್ಟನ್ನು ಸಾಮಾನ್ಯ ಮನೆಯ ಅಂತರಜಾಲ ಸಂಪರ್ಕದಲ್ಲಿ ಕಳುಹಿಸುವುದು ಆಗ ಸಾಧ್ಯವಿರಲಿಲ್ಲ. ಆದ್ದರಿಂದ ಚಿತ್ರವನ್ನು ಸಂಕೋಚಿಸಿ ಕಳುಹಿಸುತ್ತಾರೆ. ಒಂದು ಚಿತ್ರಕ್ಕೂ ಮುಂದಿನ ಚಿತ್ರಕ್ಕೂ ವ್ಯತ್ಯಾಸ ಅಲ್ಪ. ಗೋಡೆ ಅಲ್ಲೇ ಇದೆ, ನಟ ಮಾತ್ರ ಅರ್ಧ ಹೆಜ್ಜೆ ಸರಿದಿದ್ದಾನೆ. ಹಾಗಾಗಿ ‘ಈ ಚೌಕವನ್ನು ಹಿಂದಿನ ಚಿತ್ರದಿಂದ ತೆಗೆದುಕೊಂಡು ಇಷ್ಟು ಸರಿಸು’ ಎಂಬ ಸೂಚನೆಗಳನ್ನು ಕಳುಹಿಸಿದರೆ ಬಹುಪಾಲು ಸಾಕು. ಸೆಕೆಂಡಿಗೆ 15 ಲಕ್ಷ ಬಿಟ್‌ಗಳಷ್ಟಕ್ಕೆ ಇಳಿಸಿದರೆ ಮೂಲದ ಸುಮಾರು 147ರಲ್ಲಿ ಒಂದು ಪಾಲು ಮಾತ್ರ ತಂತಿಯಲ್ಲಿ ಹರಿಯುತ್ತದೆ.

ಈ ಸೂಚನೆಗಳನ್ನು ಬಿಡಿಸಿ ಮತ್ತೆ ಚಿತ್ರ ಕಟ್ಟುವುದು ಕನ್ಸೋಲ್‌ನ ಕೆಲಸ. ವೀ ಕನ್ಸೋಲ್‌ನ ಸಂಸ್ಕಾರಕದ ವೇಗ 729 ಮೆಗಾಹರ್ಟ್ಸ್, ಅಂದರೆ ಸೆಕೆಂಡಿಗೆ 72.9 ಕೋಟಿ ಮಿಡಿತಗಳು. ಅದು ಕಟ್ಟಬೇಕಾದ ಬಿಂದುಗಳು ಸೆಕೆಂಡಿಗೆ 92.16 ಲಕ್ಷ. ಭಾಗಿಸಿದರೆ ಒಂದೊಂದು ಬಿಂದುವಿಗೆ ಸುಮಾರು 79 ಮಿಡಿತಗಳು ಸಿಗುತ್ತವೆ. ಹೆಚ್ಚಿನ ಬಿಂದುಗಳು ಹಿಂದಿನ ಚಿತ್ರದ ನಕಲೇ ಆಗಿರುವುದರಿಂದ ಇಷ್ಟು ಕಾಲಾವಕಾಶ ಸಾಕಾಗುತ್ತದೆ. 2010ರಿಂದ 2019ರವರೆಗೆ ಅದು ಚಿತ್ರ ತೋರಿಸಿದ್ದೇ ಇದಕ್ಕೆ ಸಾಕ್ಷಿ.

ಇದೇ ಲೆಕ್ಕವನ್ನು 1920 × 1080 ಗಾತ್ರದ ಚಿತ್ರಕ್ಕೆ ಮಾಡಿ. ಬಿಂದುಗಳು 6.75 ಪಟ್ಟು ಹೆಚ್ಚುತ್ತವೆ. ಪ್ರತಿ ಬಿಂದುವಿಗೆ ಸಿಗುವುದು 12ಕ್ಕೂ ಕಡಿಮೆ ಮಿಡಿತ. ಇದು ವೀಗೆ ಸಾಧ್ಯವಿಲ್ಲ. 3840 × 2160 ಗಾತ್ರಕ್ಕಂತೂ 27 ಪಟ್ಟು ಕೆಲಸ! ಇಷ್ಟರ ಮಟ್ಟಿಗೆ ಸಮಜಾಯಿಷಿ ನಿಜ. ಆದರೆ ವೀ ಇಟ್ಟುಕೊಂಡವರು ಅಷ್ಟು ದೊಡ್ಡ ಚಿತ್ರವನ್ನು ಕೇಳಿದವರೇ ಅಲ್ಲ.

ಸಂಕೋಚನದ ಪದ್ಧತಿಯೂ ಬದಲಾಗುತ್ತಾ ಬಂದಿದೆ. 2003ರ ಎಚ್.264, 2013ರ ಎಚ್‌ಇವಿಸಿ ಮತ್ತು ವಿಪಿ9, 2018ರ ಎವಿ1 - ಪ್ರತಿ ತಲೆಮಾರೂ ಬಿಟ್‌ಗಳನ್ನು ಉಳಿಸಿ ಬದಲಿಗೆ ಹೆಚ್ಚು ಗಣನೆಯನ್ನು ಕೇಳುತ್ತದೆ. ಹೊಸ ಪದ್ಧತಿ ಹಳೆಯ ಸಂಸ್ಕಾರಕಕ್ಕೆ ಭಾರವೇ ಸರಿ. ಆದರೆ ಎಚ್.264 ಇನ್ನೂ ಬಳಕೆಯಲ್ಲಿರುವ, ಎಲ್ಲಕ್ಕಿಂತ ಹೆಚ್ಚು ಸಾಧನಗಳಿಗೆ ಅರ್ಥವಾಗುವ ಪದ್ಧತಿ. ಇನ್ನು ಪ್ಲೇಸ್ಟೇಷನ್ 3ರ ವಿಷಯದಲ್ಲಿ ದೌರ್ಬಲ್ಯದ ವಾದ ನಿಲ್ಲುವುದೇ ಇಲ್ಲ. ಬ್ಲೂ-ರೇ ಡಿಸ್ಕ್‌ನಿಂದ ಸೆಕೆಂಡಿಗೆ 4 ಕೋಟಿ ಬಿಟ್‌ಗಳವರೆಗಿನ ಚಿತ್ರವನ್ನು ಬಿಡಿಸುವಂತೆ ಅದನ್ನು ಕಟ್ಟಲಾಗಿದೆ. ಅಂತರಜಾಲದಲ್ಲಿ ಬರುವ ಅದೇ ಗಾತ್ರದ ಚಿತ್ರಕ್ಕೆ ಸುಮಾರು 50 ಲಕ್ಷ ಬಿಟ್ ಸಾಕು.

ಚಿತ್ರಕ್ಕಿಂತ ಪಟ್ಟಿಯೇ ಭಾರ

ಹಾಗಾದರೆ ತೊಡಕು ಎಲ್ಲಿ? ಒಂದು ಭಾಗ ಸ್ಮೃತಿಯಲ್ಲಿದೆ. ವೀ ಕನ್ಸೋಲ್‌ನ ಒಟ್ಟು ಸ್ಮೃತಿ 88 ಮೆಗಾಬೈಟ್. ಸಾಧಾರಣವಾದ 4 ಗಿಗಾಬೈಟ್ ಮೊಬೈಲ್‌ನಲ್ಲಿ ಇದರ 46 ಪಟ್ಟು ಸ್ಮೃತಿ ಇರುತ್ತದೆ. ಚಿತ್ರ ತೋರಿಸಲು 88 ಮೆಗಾಬೈಟ್ ಕಡಿಮೆಯೇನಲ್ಲ. 640 × 480ರ ಒಂದು ಚಿತ್ರ, ಬಿಂದುವಿಗೆ 4 ಬೈಟ್‌ನಂತೆ, ಸುಮಾರು 1.2 ಮೆಗಾಬೈಟ್ ಆಕ್ರಮಿಸುತ್ತದೆ. ಆದರೆ ಇಂದಿನ ಸೇವೆಗಳು ಚಿತ್ರಕ್ಕಿಂತ ಮೊದಲು ಚಿತ್ರಗಳ ಪಟ್ಟಿಯನ್ನು ತೋರಿಸುತ್ತವೆ. ಸಾಲುಸಾಲು ಭಿತ್ತಿಚಿತ್ರಗಳು, ತಾವಾಗಿಯೇ ಓಡುವ ತುಣುಕುಗಳು, ನೋಡುಗರ ಅಭಿರುಚಿ ಊಹಿಸುವ ಸಲಹೆಗಳು. ಇವನ್ನೆಲ್ಲ ಒಂದು ಜಾಲಪುಟದಂತೆ ಕಟ್ಟಲಾಗಿರುತ್ತದೆ. ಊಟಕ್ಕಿಂತ ಬಾಳೆಲೆಯ ಅಲಂಕಾರವೇ ದೊಡ್ಡದಾದಂತೆ! ಹಳೆಯ ಕನ್ಸೋಲ್ ಎಡವುವುದು ಸಿನಿಮಾದಲ್ಲಿ ಅಲ್ಲ, ಸಿನಿಮಾ ಆರಿಸುವ ಪರದೆಯಲ್ಲಿ. ಹೆಸರುಗಳ ಸರಳ ಪಟ್ಟಿಯೊಂದನ್ನು ಕೊಟ್ಟರೆ ಈ ತೊಡಕು ಬಹುಮಟ್ಟಿಗೆ ನೀಗುತ್ತದೆ.

ಬೀಗ ಹಳತಾದಾಗ

ಎರಡನೆಯ ತೊಡಕು ಗಂಭೀರವಾದುದು. ಕನ್ಸೋಲ್ ಮತ್ತು ದೂರದ ಸರ್ವರ್ ಪರಸ್ಪರ ಗುರುತು ಹಿಡಿದು ಗೂಢಲಿಪಿಯಲ್ಲಿ ಮಾತನಾಡಬೇಕು. ಇದರ ನಿಯಮಾವಳಿ ಟಿಎಲ್‌ಎಸ್. ಇದರ 1.0 ಮತ್ತು 1.1ನೇ ಆವೃತ್ತಿಗಳಲ್ಲಿ ದೌರ್ಬಲ್ಯಗಳಿದ್ದುದರಿಂದ 2021ರ ಮಾರ್ಚ್‌ನಲ್ಲಿ ಅವನ್ನು ಅಧಿಕೃತವಾಗಿ ಕೈಬಿಡಲಾಯಿತು. ಹಳೆಯ ಆವೃತ್ತಿ ಮಾತ್ರ ಗೊತ್ತಿರುವ ಸಾಧನದೊಡನೆ ಹೊಸ ಸರ್ವರ್ ಮಾತನಾಡುವುದಿಲ್ಲ. ಗುರುತಿನ ಪ್ರಮಾಣಪತ್ರಗಳಿಗೂ ಅವಧಿ ಇರುತ್ತದೆ. ಬಹಳ ಜಾಲತಾಣಗಳು ನೆಚ್ಚಿದ್ದ ಒಂದು ಮೂಲ ಪ್ರಮಾಣಪತ್ರದ ಅವಧಿ 2021ರ ಸೆಪ್ಟೆಂಬರ್ 30ರಂದು ಮುಗಿದಾಗ, ಹೊಸ ಪಟ್ಟಿ ಪಡೆಯದ ಅನೇಕ ಹಳೆಯ ಸಾಧನಗಳು ಆ ತಾಣಗಳಿಗೆ ಹೋಗಲಾರದೆ ಉಳಿದವು. ಅವುಗಳ ಒಂದು ತಂತಿಯೂ ಸುಟ್ಟಿರಲಿಲ್ಲ.

ಸುರಕ್ಷತೆಯ ಈ ಕಾರಣವನ್ನು ತಳ್ಳಿಹಾಕುವಂತಿಲ್ಲ. ತೂತಿರುವ ಬೀಗವನ್ನು ಹಳತೆಂಬ ಪ್ರೀತಿಯಿಂದ ಬಾಗಿಲಿಗೆ ಹಾಕಿಡಲಾಗದು. ಆದರೆ ಬೀಗ ಬದಲಿಸುವುದು ತಂತ್ರಾಂಶದ ಕೆಲಸ, ಯಂತ್ರಾಂಶದ್ದಲ್ಲ. ಅದನ್ನು ತಯಾರಕರು ಮಾತ್ರ ಮಾಡಬಲ್ಲರು. ಏಕೆಂದರೆ ಅವರ ಸಹಿಯಿಲ್ಲದ ತಂತ್ರಾಂಶವನ್ನು ಕನ್ಸೋಲ್ ಒಳಗೆ ಬಿಟ್ಟುಕೊಳ್ಳುವುದಿಲ್ಲ. ಪ್ಲೇಸ್ಟೇಷನ್ 3ರಲ್ಲಿ ಮೊದಲು ಲಿನಕ್ಸ್ ಹಾಕಿಕೊಳ್ಳಲು ಅವಕಾಶವಿತ್ತು. 2010ರ ಏಪ್ರಿಲ್‌ನಲ್ಲಿ ಸೋನಿ ಸಂಸ್ಥೆ ಸುರಕ್ಷತೆಯ ಕಾರಣ ಹೇಳಿ ಅದನ್ನು ತೆಗೆದುಹಾಕಿತು. ಅಲ್ಲಿಗೆ ಕೊಂಡವನ ಬಳಿ ಪೆಟ್ಟಿಗೆ ಉಳಿಯಿತು, ಬೀಗದ ಕೈ ಉಳಿಯಲಿಲ್ಲ.

ತೀರ್ಮಾನ ಎಂಬ ಮೂರನೆಯ ಕಾರಣ

ಯಂತ್ರದ ದೌರ್ಬಲ್ಯವೇ ಕಾರಣವಾಗಿದ್ದರೆ ಸೇವೆಗಳು ಒಂದೊಂದಾಗಿ, ಭಾರವಾದದ್ದು ಮೊದಲು ಹಗುರವಾದದ್ದು ಆಮೇಲೆ, ನಿಲ್ಲಬೇಕಿತ್ತು. ಬೇರೆಬೇರೆ ಸಂಸ್ಥೆಗಳ ಸೇವೆಗಳು ವೀ ಕನ್ಸೋಲ್‌ನಲ್ಲಿ 2019ರ ಜನವರಿಯಲ್ಲಿ ಒಟ್ಟಿಗೆ ನಿಂತವು. ತಂತ್ರಾಂಶ ಮಾರುವ ಅದರ ಅಂಗಡಿಯೂ ಆಗಲೇ ಮುಚ್ಚಿತು. ಇದು ಸವೆತದ ಲಕ್ಷಣವಲ್ಲ, ಆಡಳಿತದ ತೀರ್ಮಾನದ ಲಕ್ಷಣ.

ಸಂಸ್ಥೆಗಳ ಪಕ್ಷವನ್ನೂ ಕೇಳಬೇಕು. ಪ್ರತಿ ಸಾಧನಕ್ಕೂ ಪ್ರತ್ಯೇಕ ತಂತ್ರಾಂಶ ಬೇಕು; ಪ್ರತಿ ಬದಲಾವಣೆಯ ನಂತರ ಅದರಲ್ಲಿ ಪರೀಕ್ಷೆ ನಡೆಯಬೇಕು. ನಕಲು ತಡೆಯುವ ಗೂಢಲಿಪಿ ಹಳೆಯ ಸಾಧನದಲ್ಲಿ ಮುರಿದುಬಿದ್ದರೆ ಚಿತ್ರದ ಹಕ್ಕುದಾರರು ಸುಮ್ಮನಿರುವುದಿಲ್ಲ. ಬಳಕೆದಾರರು ಕಡಿಮೆಯಾದಂತೆ ತಲಾ ವೆಚ್ಚ ಏರುತ್ತದೆ. ಇವೆಲ್ಲ ನ್ಯಾಯವಾದ ಲೆಕ್ಕಗಳೇ. ಆದರೆ ಇವು ಹಣದ ಲೆಕ್ಕಗಳು. ಇವನ್ನು ಭೌತವಿಜ್ಞಾನದ ಮಿತಿಗಳೆಂಬಂತೆ ಹೇಳುವುದು ಸರಿಯಲ್ಲ.

ಹಳೆಯದೆಲ್ಲ ಹೊನ್ನಲ್ಲ

ಹಾಗೆಂದು ಹಳೆಯ ಕನ್ಸೋಲ್‌ಗಳನ್ನೆಲ್ಲ ಉಳಿಸಿಕೊಳ್ಳುವುದೇ ಜಾಣತನವೆನ್ನಲಾಗದು. ಅಮೆರಿಕದ ನ್ಯಾಚುರಲ್ ರಿಸೋರ್ಸಸ್ ಡಿಫೆನ್ಸ್ ಕೌನ್ಸಿಲ್ 2008ರಲ್ಲಿ ಪ್ರಕಟಿಸಿದ ಅಳತೆಯಂತೆ ಕೆಲಸದಲ್ಲಿರುವ ಪ್ಲೇಸ್ಟೇಷನ್ 3 ಸುಮಾರು 150 ವಾಟ್, ವೀ ಸುಮಾರು 16 ವಾಟ್ ವಿದ್ಯುತ್ ಬಳಸುತ್ತಿದ್ದವು. ದಿನಕ್ಕೆ 3 ಗಂಟೆಯಂತೆ ವರ್ಷಕ್ಕೆ ಮೊದಲನೆಯದಕ್ಕೆ 164 ಯೂನಿಟ್, ಎರಡನೆಯದಕ್ಕೆ 17.5 ಯೂನಿಟ್. ಟಿ.ವಿ.ಯ ಹಿಂಬದಿಗೆ ಸಿಕ್ಕಿಸುವ ಇಂದಿನ ಪುಟ್ಟ ಸ್ಟ್ರೀಮಿಂಗ್ ಕಡ್ಡಿ 3 ವಾಟ್ ಬಳಸಿದರೂ ವರ್ಷಕ್ಕೆ 3.3 ಯೂನಿಟ್ ಸಾಕು. ಬರೀ ಸಿನಿಮಾ ನೋಡುವುದಕ್ಕೆ ಹಳೆಯ ಪ್ಲೇಸ್ಟೇಷನ್ 3 ಉರಿಸುವುದು ದಂಡವೇ. ವೀ ವಿಷಯ ಹಾಗಲ್ಲ. ಅದರ ಮಿತವ್ಯಯದ ಮುಂದೆ ಹೊಸದೊಂದನ್ನು ಮಾಡಿ, ಸಾಗಿಸಿ, ಹಳೆಯದನ್ನು ಕಸಕ್ಕೆಸೆಯುವ ವೆಚ್ಚವನ್ನೂ ತೂಗಿ ನೋಡಬೇಕು.

ಆ ಕಸದ ಪ್ರಮಾಣ ಸಣ್ಣದಲ್ಲ. ವಿಶ್ವಸಂಸ್ಥೆಯ ಅಂಗಸಂಸ್ಥೆಗಳ 2024ರ ವರದಿಯ ಪ್ರಕಾರ 2022ರಲ್ಲಿ ಜಗತ್ತಿನಲ್ಲಿ 6.2 ಕೋಟಿ ಟನ್ ಇಲೆಕ್ಟ್ರಾನಿಕ್ ಕಸ ಹುಟ್ಟಿತು. ಕ್ರಮಬದ್ಧವಾಗಿ ಸಂಗ್ರಹಿಸಿ ಮರುಬಳಕೆಗೆ ಒಪ್ಪಿಸಿದ ದಾಖಲೆ ಇರುವುದು ಅದರ ಶೇ. 22.3ಕ್ಕೆ ಮಾತ್ರ.

ಏನು ಮಾಡಬಹುದಿತ್ತು?

ದಾರಿ ಇಲ್ಲದೆ ಇರಲಿಲ್ಲ. 2007ರಲ್ಲಿ ಎಚ್.264ಕ್ಕೆ ಸ್ತರೀಯ ಸಂಕೋಚನ ಎಂಬ ವಿಸ್ತರಣೆಯನ್ನು ಸೇರಿಸಲಾಯಿತು. ಇದರಲ್ಲಿ ತಳದ ಸ್ತರ ಸಣ್ಣ ಚಿತ್ರವನ್ನು ಕೊಡುತ್ತದೆ. ಮೇಲಿನ ಸ್ತರಗಳು ವಿವರಗಳನ್ನು ಕೂಡಿಸುತ್ತವೆ. ಹಳೆಯ ಸಾಧನ ತಳದ ಸ್ತರವನ್ನಷ್ಟೇ ಓದಿ ಉಳಿದುದನ್ನು ಬಿಡಬಹುದು. ಕಪ್ಪು-ಬಿಳುಪು ಟಿ.ವಿ. ಮಾಡಿದ್ದೂ ಇದನ್ನೇ ಅಲ್ಲವೇ? ಬಿಟ್‌ಗಳು ಸ್ವಲ್ಪ ಹೆಚ್ಚು ಖರ್ಚಾಗುತ್ತವೆಂಬುದು ನಿಜ. ಈ ತತ್ತ್ವ ವಿಡಿಯೊ ಸಭೆಗಳಲ್ಲಿ ಬಳಕೆಗೆ ಬಂದರೂ ಸಿನಿಮಾ ಸೇವೆಗಳಲ್ಲಿ ನೆಲೆಯೂರಲಿಲ್ಲ. ಅದಿಲ್ಲದಿದ್ದರೂ, 480 ಗೆರೆಗಳ ಎಚ್.264 ಚಿತ್ರ, ಸರಳ ಪಟ್ಟಿ ಮತ್ತು ಕಾಲಕಾಲಕ್ಕೆ ಹೊಸ ಪ್ರಮಾಣಪತ್ರ - ಇಷ್ಟನ್ನು ‘ತಳದ ಸೇವೆ’ಯಾಗಿ ಉಳಿಸಿಕೊಳ್ಳಬಹುದಿತ್ತು.

ಅದೂ ಆಗದಿದ್ದಲ್ಲಿ ಕನಿಷ್ಠ ಎರಡು ಕೆಲಸ ನ್ಯಾಯವಾಗಿ ಆಗಬೇಕು. ಮೊದಲನೆಯದು, ಬೆಂಬಲ ಎಲ್ಲಿಯವರೆಗೆ ಎಂಬುದನ್ನು ಮಾರುವಾಗಲೇ ತಿಳಿಸುವುದು. ಅಂತರಜಾಲಕ್ಕೆ ಸೇರುವ ಗೃಹಬಳಕೆಯ ಸಾಧನಗಳಿಗೆ ಸುರಕ್ಷತಾ ಪರಿಷ್ಕರಣೆ ಕನಿಷ್ಠ ಎಷ್ಟು ಕಾಲ ದೊರೆಯುತ್ತದೆಂದು ತಿಳಿಸುವುದನ್ನು ಬ್ರಿಟನ್ 2024ರ ಏಪ್ರಿಲ್ 29ರಿಂದ ಕಡ್ಡಾಯ ಮಾಡಿದೆ. ಔಷಧದ ಸೀಸೆಯ ಮೇಲೆ ಅವಧಿ ಇರುವಂತೆ ಇದೂ ಇರಬೇಕಾದದ್ದೇ. ಎರಡನೆಯದು, ಬೆಂಬಲ ನಿಲ್ಲಿಸಿದ ದಿನ ಬೀಗದ ಕೈಯನ್ನು ಕೊಂಡವನಿಗೆ ಕೊಡುವುದು. ಆಗ ಮನೆಯ ಕಂಪ್ಯೂಟರಿನಲ್ಲಿರುವ ಪಾಠದ ವಿಡಿಯೊವನ್ನೋ ತಾವೇ ಚಿತ್ರೀಕರಿಸಿದ ಪ್ರಯೋಗವನ್ನೋ ಹಳೆಯ ಪದ್ಧತಿಗೆ ಪರಿವರ್ತಿಸಿ ಆ ಕನ್ಸೋಲ್ ಮೂಲಕ ತೋರಿಸುವುದು ಆಸಕ್ತ ವಿದ್ಯಾರ್ಥಿಗೂ ಎಟಕುವ ಕೆಲಸವಾಗುತ್ತದೆ.

ನಮ್ಮ ಶಾಲೆಗಳಲ್ಲಿ ಆಟದ ಕನ್ಸೋಲ್ ಇರಲಿಕ್ಕಿಲ್ಲ. ‘ಈ ಆ್ಯಪ್ ನಿಮ್ಮ ಸಾಧನದಲ್ಲಿ ಕೆಲಸ ಮಾಡುವುದಿಲ್ಲ’ ಎಂದು ತೋರಿಸುವ ಹಳೆಯ ಮೊಬೈಲೋ ಟ್ಯಾಬ್ಲೆಟೋ ಯಾರದಾದರೂ ಮನೆಯಲ್ಲಿ ಇದ್ದೇ ಇರುತ್ತದೆ. ಅಧ್ಯಾಪಕರು ಅಂಥದೊಂದನ್ನು ತರಗತಿಗೆ ತಂದು ಮಕ್ಕಳ ಮುಂದಿಟ್ಟು ಮೂರು ಪ್ರಶ್ನೆ ಕೇಳಬಹುದು. ಇದರ ಸಂಸ್ಕಾರಕಕ್ಕೆ ಗಣನೆಯ ಶಕ್ತಿ ಸಾಲದೆ? ಇದರ ಬೀಗ ಹಳತಾಗಿದೆಯೆ? ಅಥವಾ ಎಲ್ಲೋ ಯಾರೋ ಸಾಕೆಂದು ತೀರ್ಮಾನಿಸಿದರೆ? ಮೊದಲನೆಯದಕ್ಕೆ ಉತ್ತರ ಹುಡುಕಲು ಮೇಲಿನಂತೆ ಒಂದು ಭಾಗಾಕಾರ ಸಾಕು. ಆ ಭಾಗಾಕಾರ ಮಾಡದೆ ಆ ಮೊಬೈಲನ್ನು ಗುಜರಿಗೆ ಹಾಕದಿರೋಣ.