ಗಡಿಯಾಚೆಯ ಚಪ್ಪಾಳೆ ಯಾರಿಗೆ ಬೇಕಿತ್ತು?

ಕೆನಡಾದ ರಾಕ್ ತಂಡ ದ ಟ್ರ್ಯಾಜಿಕಲಿ ಹಿಪ್ ಬಗ್ಗೆ ಯಾರೇ ಬರೆಯಲಿ, ಎರಡನೆಯದೋ ಮೂರನೆಯದೋ ವಾಕ್ಯಕ್ಕೆ ಬರುವಷ್ಟರಲ್ಲಿ ಆ ತೀರ್ಪು ಬಂದೇ ಬರುತ್ತದೆ: ತಾಯ್ನಾಡಿನಲ್ಲಿ ಅಷ್ಟು ದೊಡ್ಡ ತಂಡ, ಅಮೆರಿಕದಲ್ಲಿ ಮಾತ್ರ ಗೆಲ್ಲಲಿಲ್ಲ. ಕೆನಡಾದವರು ಇದನ್ನು ನೋವಿನಿಂದ ಹೇಳುತ್ತಾರೆ, ಹೊರಗಿನವರು ಅಚ್ಚರಿಯಿಂದ. 2016ರ ಅವರ ಕೊನೆಯ ಪ್ರವಾಸದ ನಂತರ ಇದಕ್ಕೆ ಜೋಡಿಯಾಗಿ ಇನ್ನೊಂದು ತೀರ್ಪು ಹುಟ್ಟಿಕೊಂಡಿದೆ: ಅಮೆರಿಕ ಒಪ್ಪದಿದ್ದರೇನಂತೆ, ಇದು ಕೆನಡಾದ ರಾಷ್ಟ್ರೀಯ ತಂಡ, ದೇಶದ ಹೆಮ್ಮೆಯ ದನಿ. ಮೊದಲನೆಯದು ಸೋಲಿನ ಹಣೆಪಟ್ಟಿ, ಎರಡನೆಯದು ಸಮಾಧಾನದ ಬಹುಮಾನ. ಎರಡನ್ನೂ ನಾನು ಒಪ್ಪಲಾರೆ. ತಂಡದ ಒಂದು ಹಾಡನ್ನೂ ಕಿವಿಗೊಟ್ಟು ಕೇಳದವರು ಕೂಡ ಈ ಎರಡು ಮಾತನ್ನು ಧೈರ್ಯವಾಗಿ ಹೇಳಬಹುದು. ನನ್ನ ತಕರಾರು ಅಲ್ಲಿಂದಲೇ ಶುರುವಾಗುತ್ತದೆ.

ಹೊರಗೆ ಹೋಗಲು ಹೆದರಿದ ತಂಡವಲ್ಲ ಇದು. 1989ರ 'ಅಪ್ ಟು ಹಿಯರ್' ಧ್ವನಿಮುದ್ರಣಗೊಂಡದ್ದು ಮೆಂಫಿಸ್‌ನಲ್ಲಿ, 1991ರ 'ರೋಡ್ ಆ್ಯಪಲ್ಸ್' ನ್ಯೂ ಆರ್ಲಿಯನ್ಸ್‌ನಲ್ಲಿ, 1992ರ 'ಫುಲ್ಲಿ ಕಂಪ್ಲೀಟ್ಲಿ' ಲಂಡನ್ನಿನಲ್ಲಿ. ರಾಕ್ ಸಂಗೀತದ ದೊಡ್ಡ ಊರುಗಳನ್ನೆಲ್ಲ ಸುತ್ತಿ, ಅಲ್ಲಿ ಕುಳಿತು ಒಂಟಾರಿಯೊದ ಸಣ್ಣ ಊರುಗಳ ಬಗ್ಗೆ ಹಾಡಿದವರು ಇವರು. 1995ರ ಮಾರ್ಚ್ ತಿಂಗಳಲ್ಲಿ ಅಮೆರಿಕದ ಟಿವಿ ಕಾರ್ಯಕ್ರಮ 'ಸ್ಯಾಟರ್ಡೇ ನೈಟ್ ಲೈವ್' ಕರೆಯಿತು. ಹಾಸ್ಯನಟ ಡ್ಯಾನ್ ಆಕ್ರಾಯ್ಡ್ ವೇದಿಕೆಯ ಮೇಲೆ ನಿಂತು ತಂಡವನ್ನು ಪರಿಚಯಿಸಿದ. ಒಂದೇ ರಾತ್ರಿಯಲ್ಲಿ ಅಮೆರಿಕದ ಮನೆಮನೆಗೂ ತಲುಪುವ ಅವಕಾಶ. ಆಗ ಅವರು ಹಾಡಿದ್ದೇನು? ಒಂದು, 'ಗ್ರೇಸ್, ಟೂ'. ಇನ್ನೊಂದು, 'ನಾಟಿಕಲ್ ಡಿಸಾಸ್ಟರ್'. ಎರಡನೆಯದರಲ್ಲಿ ಪಲ್ಲವಿಯೇ ಇಲ್ಲ. ಮುಳುಗುತ್ತಿರುವ ಹಡಗು, ನೀರಿನಲ್ಲಿ ಒದ್ದಾಡುವ ಜನ, ಎಲ್ಲರನ್ನೂ ಎತ್ತಿಕೊಳ್ಳಲಾಗದ ದೋಣಿ, ಅದೆಲ್ಲ ಒಂದು ಕನಸು, ಆ ಕನಸಿನ ಹಿಂದೆ ಒಂದು ದೂರವಾಣಿ ಕರೆ. ಮಾರುಕಟ್ಟೆ ಗೆಲ್ಲಲು ಹೊರಟವರು ಆರಿಸುವ ಹಾಡು ಇದಲ್ಲ. ತಮ್ಮಲ್ಲಿದ್ದ ಅತ್ಯುತ್ತಮವಾದುದನ್ನು ಅವರು ಅಲ್ಲಿಟ್ಟರು. ಅದನ್ನು ಹಿಡಿಯಲು ಆಗದವರು ಸೋತರು ಎಂದು ನಾನು ಬರೆಯುತ್ತೇನೆ.

ಇನ್ನೊಂದು ಆಕ್ಷೇಪವನ್ನೂ ಇಲ್ಲೇ ಮುಗಿಸಿಬಿಡೋಣ. 1971ರಲ್ಲಿ ಜಾರಿಗೆ ಬಂದ ನಿಯಮದಿಂದ ಕೆನಡಾದ ರೇಡಿಯೊಗಳು ತಮ್ಮ ಸಂಗೀತದಲ್ಲಿ ಶೇಕಡಾ 30ರಷ್ಟನ್ನು ಸ್ವದೇಶದ್ದಾಗಿ ಪ್ರಸಾರ ಮಾಡಬೇಕಾಯಿತು. ಹಿಪ್ ತಂಡ ಆ ಮೀಸಲಾತಿಯ ಕೂಸು ಎನ್ನುವವರಿದ್ದಾರೆ. ಆದರೆ ಅದೇ ನಿಯಮದ ನೆರಳಿನಲ್ಲಿ ಎಷ್ಟೋ ತಂಡಗಳು ಬಂದು ಮರೆಯಾದವು. ಸಾವಿರಾರು ಜನ ಒಟ್ಟಿಗೆ ನಿಂತು, 1951ರಲ್ಲಿ ಕಾಣೆಯಾದ ಒಬ್ಬ ಐಸ್ ಹಾಕಿ ಆಟಗಾರನ ಕಥೆಯನ್ನು ಒಂದು ಅಕ್ಷರ ತಪ್ಪದೆ ಹಾಡುವ ಹಾಗೆ ಯಾವ ಕಾನೂನೂ ಮಾಡಲಾರದು.

ಆ ಹಾಡನ್ನೇ ನೋಡಿ. 'ಫಿಫ್ಟಿ ಮಿಷನ್ ಕ್ಯಾಪ್' ಎಂದರೆ ದೇಶಭಕ್ತಿ, ಹಾಕಿ, ಬಿಯರ್ ಎಂದು ತಿಳಿದವರೇ ಹೆಚ್ಚು. ಬಿಲ್ ಬಾರಿಲ್ಕೊ 1951ರ ಏಪ್ರಿಲ್‌ನಲ್ಲಿ ಹೆಚ್ಚುವರಿ ಅವಧಿಯಲ್ಲಿ ಗೋಲು ಹೊಡೆದು ಟೊರಾಂಟೊ ಮೇಪಲ್ ಲೀಫ್ಸ್ ತಂಡಕ್ಕೆ ಸ್ಟ್ಯಾನ್ಲಿ ಕಪ್ ಗೆದ್ದುಕೊಟ್ಟ. ಆಗಸ್ಟ್‌ನಲ್ಲಿ ಮೀನು ಹಿಡಿಯಲು ಸಣ್ಣ ವಿಮಾನದಲ್ಲಿ ಹೋದವನು ಹಿಂದಿರುಗಲಿಲ್ಲ. ವಿಮಾನದ ಅವಶೇಷ ಸಿಕ್ಕಿದ್ದು 1962ರಲ್ಲಿ. ಲೀಫ್ಸ್ ತಂಡ ಮತ್ತೆ ಕಪ್ ಗೆದ್ದದ್ದೂ ಅದೇ ವರ್ಷ. ತಂಡದ ಹಾಡುಗಾರ ಡೌನಿಗೆ ಇದು ಗೊತ್ತಾದದ್ದು ಒಂದು ಹಾಕಿ ಕಾರ್ಡಿನಿಂದ. ಬರೇ ಇಷ್ಟಿದ್ದರೆ ಅದು ಜನಪ್ರಿಯ ದಂತಕಥೆಯಾಗಿ ಉಳಿಯುತ್ತಿತ್ತು. ಆದರೆ ಹಾಡಿನಲ್ಲಿ ಒಬ್ಬ ನಿರೂಪಕನಿದ್ದಾನೆ, ಅವನ ತಲೆಯ ಮೇಲೊಂದು ಟೋಪಿಯಿದೆ. ಎರಡನೆಯ ಮಹಾಯುದ್ಧದಲ್ಲಿ ಬಾಂಬರ್ ವಿಮಾನಗಳನ್ನು ಹಾರಿಸಿ ಹಾರಿಸಿ ಪಳಗಿದವರ ಟೋಪಿ ಮೆತ್ತಗಾಗಿ ಮುದುಡಿರುತ್ತಿತ್ತು. ಹೊಸಬನು ಅನುಭವಿಯಂತೆ ಕಾಣಲು ತನ್ನ ಟೋಪಿಯನ್ನು ತಾನೇ ಹಿಚುಕಿ ಮುದುಡಿಸಿಕೊಳ್ಳುತ್ತಿದ್ದ. ನಿರೂಪಕ ಮಾಡಿದ್ದೂ ಅದನ್ನೇ. ಬಾರಿಲ್ಕೊನ ಕಾರ್ಡು ಆ ಟೋಪಿಯೊಳಗಿದೆ. ತಾನು ಹೋರಾಡದ ಯುದ್ಧದ, ತಾನು ಆಡದ ಆಟದ ಕೀರ್ತಿಯನ್ನು ತಲೆಗೇರಿಸಿಕೊಂಡು ನಿಂತ ಹುಡುಗ ಅವನು. ವೀರನ ಹೊಗಳಿಕೆ ಇಲ್ಲಿಲ್ಲ. ಸತ್ತವರ ಹೆಸರಿನಲ್ಲಿ ಬದುಕಿರುವವರು ಎದೆಯುಬ್ಬಿಸುವುದನ್ನು ಡೌನಿ ಹತ್ತಿರದಿಂದ ನೋಡಿ ಬರೆದಿದ್ದಾನೆ. ಬಾವುಟ ಹೊದ್ದುಕೊಂಡು ಈ ಹಾಡಿಗೆ ಕುಣಿಯುವ ಜನ ಹಾಡಿನೊಳಗಿನ ಹುಡುಗನೇ ಆಗಿದ್ದಾರೆ. ಇದನ್ನು ರಾಷ್ಟ್ರಗೀತೆ ಎಂದವರು ಕಿವಿ ಮುಚ್ಚಿಕೊಂಡು ಕೇಳಿದ್ದಾರೆ.

'ವೀಟ್ ಕಿಂಗ್ಸ್' ಪಾಡು ಇದಕ್ಕಿಂತ ಕಷ್ಟದ್ದು. ಸರೋವರದ ಹಕ್ಕಿ ಲೂನ್‌ನ ಕೂಗಿನಿಂದ ಶುರುವಾಗುವ ಈ ಹಾಡು ಬೇಸಗೆಯ ರಾತ್ರಿ ಬೆಂಕಿಯ ಸುತ್ತ ಕುಳಿತವರ ಜೋಗುಳವಾಗಿಬಿಟ್ಟಿದೆ. ಅದರ ಒಳಗಿರುವುದು ಡೇವಿಡ್ ಮಿಲ್ಗಾರ್ಡ್. 1969ರಲ್ಲಿ ಸಾಸ್ಕಟೂನ್‌ನಲ್ಲಿ ನಡೆದ ಒಂದು ಕೊಲೆಗೆ ಅವನನ್ನು ಹೊಣೆ ಮಾಡಿ 1970ರಲ್ಲಿ ಜೀವಾವಧಿ ಶಿಕ್ಷೆ ಕೊಟ್ಟರು. ಆಗ ಅವನಿಗೆ ಹದಿನೇಳು ವರ್ಷ. ತಾಯಿಯೊಬ್ಬಳು ಬಾಗಿಲು ಬಾಗಿಲು ತಟ್ಟಿ ಹೋರಾಡಿ, 1992ರಲ್ಲಿ ಸುಪ್ರೀಂ ಕೋರ್ಟ್ ತೀರ್ಪನ್ನು ಬದಿಗಿರಿಸಿ, ಅವನು ಹೊರಬರುವಷ್ಟರಲ್ಲಿ ಸುಮಾರು 23 ವರ್ಷ ಕಳೆದಿತ್ತು. ಡಿಎನ್‌ಎ ಪರೀಕ್ಷೆ ಅವನನ್ನು ಪೂರ್ತಿ ನಿರ್ದೋಷಿ ಎಂದು ತೋರಿಸಿದ್ದು 1997ರಲ್ಲಿ. ಅಂದರೆ 'ಫುಲ್ಲಿ ಕಂಪ್ಲೀಟ್ಲಿ'ಯಲ್ಲಿ ಈ ಹಾಡು ಬಂದಾಗ ದೇಶದ ಎಷ್ಟೋ ಜನರ ಕಣ್ಣಲ್ಲಿ ಅವನಿನ್ನೂ ಅಪರಾಧಿಯೇ. ಆ ಹೊತ್ತಿನಲ್ಲಿ ಡೌನಿ ಕೂಗಲಿಲ್ಲ, ಆರೋಪಿಸಲಿಲ್ಲ. ಗೋದಿಯ ಬಯಲು, ಗೋಡೆಯ ಮೇಲೆ ಸಾಲಾಗಿ ನಿಂತ ಪ್ರಧಾನಿಗಳ ಚಿತ್ರಗಳು, ದೂರದರ್ಶನದ ಸುದ್ದಿ, ಯಾರಿಗೂ ಏನೂ ಆಗಿಲ್ಲವೆಂಬಂತೆ ನಡೆಯುವ ದಿನ, ಇವನ್ನಷ್ಟೇ ಇಟ್ಟ. ಗಿಟಾರುಗಳು ಎಲ್ಲಿಯೂ ಸಿಡಿಯುವುದಿಲ್ಲ. ದೇಶದ ಚೆಲುವೇ ದೇಶದ ಅನ್ಯಾಯಕ್ಕೆ ಹೊದಿಕೆಯಾಗುವುದನ್ನು ರಾಗದಲ್ಲೇ ತೋರಿಸಿದ ಹಾಡು ಇದು. ಅದನ್ನು ಜೋಗುಳ ಮಾಡಿಕೊಂಡ ಜನ ಹಾಡಿನ ಮಾತನ್ನೇ ನಿಜ ಮಾಡಿದರು. 'ಬಾಬ್‌ಕೇಜನ್' ಹಾಡಿಗೂ ಇದೇ ಗತಿ: ನಕ್ಷತ್ರ ತುಂಬಿದ ಹಳ್ಳಿಯ ಆಕಾಶ ಎಲ್ಲರಿಗೂ ನೆನಪಿದೆ, ನಡುವೆ ಬರುವ ಟೊರಾಂಟೊದ ಜನಾಂಗದ್ವೇಷದ ಗಲಭೆ ಯಾರಿಗೂ ಬೇಡ.

ಕಿಂಗ್‌ಸ್ಟನ್ ಎಂಬ ಊರನ್ನು ಬಿಟ್ಟು ಡೌನಿಯನ್ನು ಓದಲಾಗದು. ಸುಣ್ಣಕಲ್ಲಿನ ಕಟ್ಟಡಗಳ ಚೆಂದದ ಊರು, ಕ್ವೀನ್ಸ್ ವಿಶ್ವವಿದ್ಯಾಲಯದ ಊರು, 1984ರಲ್ಲಿ ಗೆಳೆಯರೆಲ್ಲ ಸೇರಿ ಈ ತಂಡ ಕಟ್ಟಿದ ಊರು. ಜೊತೆಗೆ ಸೆರೆಮನೆಗಳ ಊರೂ ಹೌದು. ಕಿಂಗ್‌ಸ್ಟನ್ ಪೆನಿಟೆನ್ಷಿಯರಿ 1835ರಿಂದ 2013ರವರೆಗೆ ಸರೋವರದ ದಂಡೆಯಲ್ಲೇ ಜನರನ್ನು ಕೂಡಿಹಾಕಿತು. ಊರಿನ ಹತ್ತಿರದಲ್ಲೇ ಮಿಲ್‌ಹೇವನ್ ಸೆರೆಮನೆ. ಅಲ್ಲಿಂದ 1972ರಲ್ಲಿ ಹದಿನಾಲ್ಕು ಕೈದಿಗಳು ತಪ್ಪಿಸಿಕೊಂಡರು. '38 ಇಯರ್ಸ್ ಓಲ್ಡ್' ಹುಟ್ಟಿದ್ದು ಆ ಘಟನೆಯಿಂದ. ವರ್ಷವನ್ನೂ ಸಂಖ್ಯೆಯನ್ನೂ ಡೌನಿ ತನಗೆ ಬೇಕಾದಂತೆ ಬದಲಿಸಿಕೊಂಡ, ಒಂದು ಕುಟುಂಬವನ್ನು ಕಲ್ಪಿಸಿಕೊಂಡ. ತಪ್ಪಿಸಿಕೊಂಡ ಅಣ್ಣ ಎಲ್ಲಿಗೂ ಓಡಿಹೋಗುವುದಿಲ್ಲ, ಮನೆಗೆ ಬರುತ್ತಾನೆ. ಹಿಂದೆಯೇ ಪೊಲೀಸರೂ ಬರುತ್ತಾರೆ. ಅವರ ಲೆಕ್ಕದಲ್ಲಿ ಅವನ ಮನೆ ಜೈಲೇ.

ಇದು 1989. ಇಲ್ಲಿಂದ 2016ಕ್ಕೆ ಬನ್ನಿ. ಡೌನಿಗೆ ಮಿದುಳಿನ ಕ್ಯಾನ್ಸರ್, ವಾಸಿಯಾಗುವಂಥದ್ದಲ್ಲ. ಕೊನೆಯ ಪ್ರವಾಸ ಮುಗಿಸಿದ ಮೇಲೆ ಹೊರತಂದದ್ದು ತನ್ನ ಸ್ವಂತ ಆಲ್ಬಮ್ 'ಸೀಕ್ರೆಟ್ ಪಾತ್'. ಚೇನಿ ವೆಂಜಾಕ್ ಎಂಬ ಹನ್ನೆರಡು ವರ್ಷದ ಮೂಲನಿವಾಸಿ ಹುಡುಗನ ಕಥೆ. ಕೆನೋರಾ ಬಳಿಯ, ಮೂಲನಿವಾಸಿ ಮಕ್ಕಳನ್ನು ಮನೆಯವರಿಂದ ಬೇರ್ಪಡಿಸಿ ಇಡುತ್ತಿದ್ದ ವಸತಿ ಶಾಲೆಯಲ್ಲಿ ಅವನ ಹೆಸರನ್ನೂ ಚಾರ್ಲಿ ಎಂದು ಮಾಡಿದ್ದರು. 1966ರ ಅಕ್ಟೋಬರ್‌ನಲ್ಲಿ ಶಾಲೆಯಿಂದ ತಪ್ಪಿಸಿಕೊಂಡು, ಸುಮಾರು 600 ಕಿಲೋಮೀಟರ್ ದೂರದ ಒಗೋಕಿ ಪೋಸ್ಟ್‌ಗೆ, ಅಪ್ಪನ ಬಳಿಗೆಂದು ರೈಲು ಹಳಿಯ ಗುಂಟ ನಡೆದ. ತೆಳ್ಳನೆಯ ಬಟ್ಟೆ, ಹಿಮ, ಮಳೆ. ಹಳಿಯ ಪಕ್ಕದಲ್ಲೇ ಸತ್ತ. ಡೌನಿಯ ಅಣ್ಣ ಮೈಕ್ ಈ ಕಥೆಯನ್ನು ಅವನಿಗೆ ತಲುಪಿಸಿದ. ಜೆಫ್ ಲೆಮಿರ್ ಚಿತ್ರಗಳನ್ನು ಬರೆದ. ಚೇನಿ ಸತ್ತು ಐವತ್ತು ವರ್ಷ ತುಂಬಿದ ತಿಂಗಳಲ್ಲೇ ಹಾಡುಗಳು ಹೊರಬಂದವು.

ಈ ಕೃತಿಯನ್ನು ಹಿಪ್ ತಂಡದ ಕಥೆಯಿಂದ ಬೇರೆ ಮಾಡಿ, ಸಾಯುವ ಮುನ್ನ ಮಾಡಿದ ಪುಣ್ಯಕಾರ್ಯ ಎಂಬಂತೆ ಪಕ್ಕಕ್ಕಿಡುವುದು ವಾಡಿಕೆಯಾಗಿದೆ. ಇದು ದೊಡ್ಡ ಅಪಚಾರ. ಬಂಧನದಿಂದ ತಪ್ಪಿಸಿಕೊಂಡು ಮನೆಯತ್ತ ಓಡುವವನೇ ಡೌನಿಯ ಮುಖ್ಯ ಪಾತ್ರ, ಮೊದಲಿನಿಂದಲೂ. ಮಿಲ್‌ಹೇವನ್‌ನ ಅಣ್ಣ, ಸೆರೆಯಲ್ಲಿ ಯೌವನ ಕಳೆದ ಮಿಲ್ಗಾರ್ಡ್, ಕಾಡಿನಲ್ಲಿ ಹನ್ನೊಂದು ವರ್ಷ ಯಾರಿಗೂ ಸಿಗದ ಬಾರಿಲ್ಕೊ, ಕೊನೆಗೆ ಚೇನಿ. ಇಪ್ಪತ್ತೇಳು ವರ್ಷ ಒಬ್ಬ ಹಾಡುಗಾರ ಒಂದೇ ಪ್ರಶ್ನೆಯನ್ನು ಕೆದಕಿದ್ದಾನೆ: ಈ ದೇಶದಲ್ಲಿ ಮನೆ ಯಾರಿಗೆ ಸಿಗುತ್ತದೆ? ವಸತಿ ಶಾಲೆಗಳ ವ್ಯವಸ್ಥೆಗೆ ಸರಕಾರದ ಬಲ ಕೊಟ್ಟ ಮೊದಲ ಪ್ರಧಾನಿ ಜಾನ್ ಎ. ಮ್ಯಾಕ್‌ಡೊನಾಲ್ಡ್ ಕಿಂಗ್‌ಸ್ಟನ್‌ನವನೇ. ಊರ ಉದ್ಯಾನದಲ್ಲಿದ್ದ ಅವನ ಪ್ರತಿಮೆಯನ್ನು 2021ರಲ್ಲಿ ತೆಗೆದರು. ಡೌನಿ ಅದಕ್ಕೂ ಮೊದಲೇ ತನ್ನ ಊರಿನ ಲೆಕ್ಕ ಒಪ್ಪಿಸಿ ಹೋಗಿದ್ದ.

ಆ ಕೊನೆಯ ಪ್ರವಾಸದ ಕಡೆಯ ಸಂಗೀತ ಕಛೇರಿಯನ್ನು, 2016ರ ಆಗಸ್ಟ್ 20ರಂದು ಕಿಂಗ್‌ಸ್ಟನ್‌ನಲ್ಲಿ, ರಾಷ್ಟ್ರೀಯ ಪ್ರಸಾರ ಸಂಸ್ಥೆ ಸಿಬಿಸಿ ಜಾಹೀರಾತಿಲ್ಲದೆ ಪ್ರಸಾರ ಮಾಡಿತು. 1 ಕೋಟಿ 17 ಲಕ್ಷ ಜನ ಅದನ್ನು ನೋಡಿದರು, ಕೇಳಿದರು. ಪ್ರಧಾನಿ ಜಸ್ಟಿನ್ ಟ್ರುಡೊ ತಂಡದ ಅಂಗಿ ತೊಟ್ಟು ಸಭೆಯಲ್ಲಿದ್ದರು. ರಾಷ್ಟ್ರೀಯ ತಂಡ ಎಂಬ ತೀರ್ಪು ಗಟ್ಟಿಯಾದದ್ದು ಅವತ್ತು. ಅದೇ ವೇದಿಕೆಯಿಂದ ಡೌನಿ ಉತ್ತರದ ಮೂಲನಿವಾಸಿಗಳ ಮಾತೆತ್ತಿದ. ಅಲ್ಲಿ ಏನಾಗುತ್ತಿದೆ ಎಂಬುದನ್ನು ಗಮನಿಸದಿರುವಂತೆ ನಮ್ಮೆಲ್ಲರನ್ನೂ ಬದುಕಿನುದ್ದಕ್ಕೂ ಪಳಗಿಸಲಾಗಿದೆ ಎಂಬ ಅರ್ಥದ ಮಾತನ್ನು ಪ್ರಧಾನಿಯ ಎದುರಿಗೇ ಆಡಿದ. ಪ್ರಧಾನಿಯ ಮೇಲೆ ಭರವಸೆಯನ್ನೂ ಇಟ್ಟ. ಭರವಸೆ ಎಂದರೆ ಸಾಯುವವನು ಬದುಕಿರುವವರ ಮೇಲೆ ಹೊರಿಸುವ ಸಾಲ. ಜನ ಅದಕ್ಕೂ ಚಪ್ಪಾಳೆ ತಟ್ಟಿದರು. ದೇಶವನ್ನು ಕಟಕಟೆಯಲ್ಲಿ ನಿಲ್ಲಿಸಿದ ಹಾಡುಗಾರನನ್ನು ದೇಶದ ಹೆಮ್ಮೆ ಎಂದು ಕರೆದುಬಿಟ್ಟರೆ ಅವನ ಪ್ರಶ್ನೆಗೆ ಉತ್ತರ ಕೊಡುವ ಕೆಲಸ ತಪ್ಪುತ್ತದೆ.

ಈಗ ಅಮೆರಿಕದ ಮಾತಿಗೆ ಮರಳುತ್ತೇನೆ. ಕೆನಡಾದ ಹಾಡುಗಾರರಾದ ನೀಲ್ ಯಂಗ್, ಜೋನಿ ಮಿಚೆಲ್ ಕ್ಯಾಲಿಫೋರ್ನಿಯಾಕ್ಕೆ ಹೋದರು. ದ ಬ್ಯಾಂಡ್ ತಂಡದ ಐವರಲ್ಲಿ ನಾಲ್ವರು ಕೆನಡಾದವರು, ಹಾಡಿದ್ದು ಅಮೆರಿಕದ ದಕ್ಷಿಣದ ಕಥೆಗಳನ್ನು. ಟೊರಾಂಟೊದ ರಶ್ ತಂಡ ಅಂತರಿಕ್ಷವನ್ನೂ ಪುರಾಣವನ್ನೂ ಆರಿಸಿಕೊಂಡಿತು. ಅವರ ಕೈಚಳಕ ಯಾರಿಗೂ ಬರುವಂಥದ್ದಲ್ಲ, ಆದರೆ ಅವರ ಒಂದು ಇಡೀ ಆಲ್ಬಮ್ಮನ್ನು ನಾನು 'ವೀಟ್ ಕಿಂಗ್ಸ್'ನ ನಾಲ್ಕು ನಿಮಿಷಕ್ಕೆ ಬದಲಾಗಿ ತೆಗೆದುಕೊಳ್ಳಲಾರೆ. ಇವರೆಲ್ಲ ಹೊರಗೆ ಗೆದ್ದರು, ಆಮೇಲೆ ಒಳಗೆ ಮಾನ್ಯರಾದರು. ಕೆನಡಾದ ಅಭಿರುಚಿ ಇದನ್ನೇ ಅಳತೆಗೋಲು ಮಾಡಿಕೊಂಡಿತು: ಪಕ್ಕದ ದೊಡ್ಡ ಮನೆಯವರು ಮೆಚ್ಚಿದ ಮೇಲೆ ನಮ್ಮವರು ದೊಡ್ಡವರು. ಹ್ಯೂ ಮ್ಯಾಕ್ಲೆನನ್ ಈ ಕಷ್ಟವನ್ನು ಅನುಭವಿಸಿದ ಲೇಖಕ. ಹೊರದೇಶಗಳಲ್ಲಿ ನಡೆಯುವ ಎರಡು ಕಾದಂಬರಿ ಬರೆದ, ಯಾರೂ ಅಚ್ಚು ಹಾಕಲಿಲ್ಲ. ನಿನಗೆ ಗೊತ್ತಿರುವ ನೆಲದ ಬಗ್ಗೆ ಬರೆ ಎಂದು ಹೆಂಡತಿ ಒತ್ತಾಯಿಸಿದ ಮೇಲೆ ಹ್ಯಾಲಿಫ್ಯಾಕ್ಸ್ ಬಂದರಿನ ಸ್ಫೋಟವನ್ನು ಎತ್ತಿಕೊಂಡು 1941ರಲ್ಲಿ 'ಬ್ಯಾರೋಮೀಟರ್ ರೈಸಿಂಗ್' ಪ್ರಕಟಿಸಿದ. ಡೌನಿ 'ಕರೇಜ್' ಹಾಡನ್ನು ಅರ್ಪಿಸಿದ್ದು ಇದೇ ಮ್ಯಾಕ್ಲೆನನ್‌ಗೆ. ಅರ್ಪಣೆ ಸುಮ್ಮನೆ ಬಂದದ್ದಲ್ಲ. ತನ್ನ ಹಿರಿಯ ಯಾರು ಎಂದು ಒಬ್ಬ ರಾಕ್ ಹಾಡುಗಾರ ತೋರಿಸಿಕೊಟ್ಟಿದ್ದಾನೆ, ಆ ಹಿರಿಯ ಒಬ್ಬ ಕಾದಂಬರಿಕಾರ. ಹಿಪ್ ತಂಡವನ್ನು ಯಾವ ಪರಂಪರೆಯಲ್ಲಿಟ್ಟು ಅಳೆಯಬೇಕು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸೂಚನೆ ಬೇಕಿಲ್ಲ.

ಹಿಪ್ ತಂಡದ ಉಳಿದ ನಾಲ್ವರ ಬಗ್ಗೆಯೂ ಹೇಳಬೇಕು: ಬಾರುಗಳಲ್ಲಿ ನುಡಿಸುವ ಸಾಧಾರಣ ತಂಡ, ಹಾಡುಗಾರನಿಂದ ಉಳಿಯಿತು ಎನ್ನುತ್ತಾರೆ. 'ಗ್ರೇಸ್, ಟೂ' ಶುರುವಾಗುವಾಗ ಗಾರ್ಡ್ ಸಿಂಕ್ಲೇರ್‌ನ ಬೇಸ್ ಕೇಳಿ. ರಾಬ್ ಬೇಕರ್, ಪಾಲ್ ಲಾಂಗ್ಲಾಯ್ ಇಬ್ಬರ ಗಿಟಾರು, ಜಾನಿ ಫೇಯ ಡ್ರಮ್ಸು ನೆಲದಂತೆ ಗಟ್ಟಿಯಾಗಿ ನಿಲ್ಲದಿದ್ದರೆ, ಡೌನಿ ವೇದಿಕೆಯ ಮೇಲೆ ಹಾಡನ್ನು ನಡುವೆಯೇ ಬಿಟ್ಟು ಹೋಗಿ ಹೊಸ ಕಥೆ ಹೆಣೆದು ಹಿಂದಿರುಗಲು ಸಾಧ್ಯವೇ ಆಗುತ್ತಿರಲಿಲ್ಲ. 'ನ್ಯೂ ಆರ್ಲಿಯನ್ಸ್ ಈಸ್ ಸಿಂಕಿಂಗ್' ಹಾಡಿನ ಆ ಬಿಡುವಿನಲ್ಲೇ ಮುಂದಿನ ಹಾಡುಗಳು ಮೊಳೆತವು. 'ನಾಟಿಕಲ್ ಡಿಸಾಸ್ಟರ್' ಅಂಥದ್ದೊಂದು.

ನನ್ನ ಮಟ್ಟಿಗೆ ಅವರ ಶಿಖರ 1994ರ 'ಡೇ ಫಾರ್ ನೈಟ್'. ಕತ್ತಲೆಯ, ಯಾರನ್ನೂ ಓಲೈಸದ ಆಲ್ಬಮ್. ಹಿಂದಿನದರ ಭಾರೀ ಯಶಸ್ಸಿನ ಬೆನ್ನಿಗೇ ಹೀಗೆ ಮುಖ ತಿರುಗಿಸಿಕೊಂಡ ತಂಡಗಳು ಕಡಿಮೆ. 2006, 2009ರಲ್ಲಿ ಬಾಬ್ ರಾಕ್ ನಿರ್ಮಾಣದಲ್ಲಿ ಬಂದ ಎರಡು ಆಲ್ಬಮ್‌ಗಳಲ್ಲಿ ಹೊಳಪು ಹೆಚ್ಚಾಯಿತು, ಡೌನಿಯ ಮಾತುಗಳು ಒಂಟಿಯಾದವು. ಗಡಿಯಾಚೆಯ ಕಿವಿಗೆ ಹಿತವಾಗುವ ಸದ್ದು ಎಂಥದು ಎಂಬುದಕ್ಕೆ ಅವೇ ಮಾದರಿ. ಹಿಪ್ ತಂಡ ಅಮೆರಿಕವನ್ನು ಗೆದ್ದಿದ್ದರೆ ಎಂದು ಕೊರಗುವವರು ಆ ಎರಡನ್ನೂ ಕೇಳಲಿ, ಆಮೇಲೆ 'ಡೇ ಫಾರ್ ನೈಟ್' ಹಾಕಿಕೊಳ್ಳಲಿ, ಅದರ ನಂತರ 'ಸೀಕ್ರೆಟ್ ಪಾತ್'. ಇವೆರಡರ ನಡುವೆ ಇರುವ ಇಪ್ಪತ್ತೆರಡು ವರ್ಷದ ದಾರಿಯಲ್ಲಿ ನ್ಯೂಯಾರ್ಕಿನ ಮೆಚ್ಚುಗೆ ಎಲ್ಲಿ ಬೇಕಾಗಿತ್ತು ಎಂದು ಅವರು ನನಗೆ ತೋರಿಸಿಕೊಡಲಿ.