ವಲಿಯ ಗಜಲಿನಲ್ಲಿ ದಂಡು ಕಾಣದು

ಯುದ್ಧ ಕಂಡ ಕವಿ ಯುದ್ಧವನ್ನೇ ಬರೆಯಬೇಕೆಂದು ಕನ್ನಡಿಗರಾದ ನಾವು ಬಯಸುತ್ತೇವೆ. ಕವಿಯೂ ಕಲಿಯೂ ಆದ ಪಂಪನನ್ನು ಓದಿ ಬಂದ ಚಟ ಅದು. ಬಿಜಾಪುರದ ನುಸ್ರತಿ ಈ ಚಟಕ್ಕೆ ಒಗ್ಗುವವನು. ಎರಡನೇ ಅಲಿ ಆದಿಲ್‌ಶಾಹನ ಆಸ್ಥಾನಕವಿ. ಶಿವಾಜಿಯೊಡನೆ, ಮೊಘಲರೊಡನೆ ನಡೆದ ಕಾದಾಟಗಳನ್ನು ದಖ್ಖನ್ನಿನ ಉರ್ದುವಾದ ದಖನಿಯಲ್ಲಿ ‘ಅಲಿನಾಮಾ’ ಎಂದು ಹಾಡಿದ.

ಅಹಮದಾಬಾದಿನಲ್ಲಿ 1707ರಲ್ಲಿ ತೀರಿಕೊಂಡ ಗಜಲುಕವಿ ವಲಿ ದಖನಿ ಈ ಚಟಕ್ಕೆ ಒಗ್ಗುವುದಿಲ್ಲ. ಹುಟ್ಟಿದ್ದು 1667ರಲ್ಲಿ, ಔರಂಗಾಬಾದಿನಲ್ಲಿ ಎನ್ನುವುದು ರೂಢಿ. (ವಲಿ ಗುಜರಾತಿ ಎನ್ನುವವರೂ ಇದ್ದಾರೆ, ಆ ಜಗಳ ಇಲ್ಲಿ ಬೇಡ.) ಅವನಿಗೆ ಮೀಸೆ ಮೂಡುವ ಹೊತ್ತಿಗೆ ಔರಂಗಜೇಬನ ದಂಡು ದಖ್ಖನ್ನಿಗೆ ಬಂದಿಳಿದಿತ್ತು. 1686ರಲ್ಲಿ ಬಿಜಾಪುರ ಬಿತ್ತು, ಮರುವರ್ಷ ಗೋಲ್ಕೊಂಡ. ದಖನಿ ಕಾವ್ಯವನ್ನು ಸಾಕಿದ ಎರಡೂ ಆಸ್ಥಾನಗಳು ಇಲ್ಲವಾದವು. ವಲಿಯ ಮೇಲೆ ಯುದ್ಧದ ಗುರುತನ್ನು ನಾನು ಹುಡುಕುವುದು ಇಲ್ಲೇ. ಹೊಗಳಲು ಸುಲ್ತಾನನೇ ಇಲ್ಲದ ಮೇಲೆ ವೀರಗಾಥೆ ಯಾರಿಗೆ? ಅವನ ಪಾಲಿಗೆ ಉಳಿದದ್ದು ಗಜಲು, ತಿರುಗಾಟ, ಊರುಗಳ ಮೇಲಿನ ಮೋಹ.

ಸೂರತ್ತಿನ ಮೇಲೆ ಅವನದೊಂದು ಮಸ್ನವಿ, ಎಂದರೆ ದ್ವಿಪದಿಗಳ ನೀಳ್ಗವಿತೆ, ಇದೆ. 1664ರಲ್ಲಿ, ಮತ್ತೆ 1670ರಲ್ಲಿ ಶಿವಾಜಿಯ ಪಡೆ ದೋಚಿದ ಬಂದರು ಅದು. ವಲಿ ಮನಸೋಲುವುದು ಆ ಊರಿನ ಚೆಲುವಿಗೆ, ಹಲವು ಮತದ ಜನರ ಸಂದಣಿಗೆ. ಎರಡು ಸಲ ಸುಲಿಗೆಯಾದ ಪೇಟೆ ಮತ್ತೆ ತುಂಬಿಕೊಂಡದ್ದನ್ನು ಅರಿತು ಓದಿದರೆ ಆ ಹೊಗಳಿಕೆಯ ತೂಕವೇ ಬೇರೆ. ಗುಜರಾತನ್ನು ಅಗಲಿದ ದುಃಖಕ್ಕೂ ಒಂದು ಪದ್ಯ ಬರೆದ. ನಲ್ಲೆಯ ವಿರಹಕ್ಕೆ ಮೀಸಲಾದ ಉರಿಯನ್ನು ಒಂದು ನಾಡಿಗೆ ಕೊಟ್ಟ. ನುಸ್ರತಿಯ ಸಾವಿರ ಕತ್ತಿಗಳಿಗಿಂತ ನನಗೆ ಇದೇ ಹೆಚ್ಚು.

1700ರಲ್ಲಿ ದೆಹಲಿಗೆ ಹೋಗಿಬಂದ. ಅವನ ದಿವಾನ್, ಎಂದರೆ ಕವನ ಸಂಗ್ರಹ, ಅಲ್ಲಿಗೆ ತಲುಪಿದ್ದು 1720ರಲ್ಲಿ. ಪಾರ್ಸಿಯಲ್ಲೇ ಮುಳುಗಿದ್ದ ದೆಹಲಿಯ ಕವಿಗಳು ಅದನ್ನು ಓದಿಯೇ ಆಡುಮಾತಿನ ಗಜಲಿನತ್ತ ಹೊರಳಿದರು.

ಅಹಮದಾಬಾದಿನ ಶಾಹಿಬಾಗಿನಲ್ಲಿದ್ದ ಅವನ ಗೋರಿಯನ್ನು 2002ರ ಗಲಭೆಯಲ್ಲಿ ಕೆಡವಿದರು. ಕೆಲವೇ ದಿನಗಳಲ್ಲಿ ಅದರ ಮೇಲೆ ಡಾಂಬರು ರಸ್ತೆ ಬಂತು. ವಡೋದರಾದಲ್ಲಿ ಗಾಯಕ ಉಸ್ತಾದ್ ಫಯಾಜ್ ಖಾನರ ಗೋರಿಯನ್ನೂ ಬಿಡಲಿಲ್ಲ. ಅವರಿಗೆ ‘ಆಫ್ತಾಬ್-ಎ-ಮೌಸಿಕಿ’ (ಸಂಗೀತದ ಸೂರ್ಯ) ಎಂಬ ಬಿರುದು ಕೊಟ್ಟದ್ದು ನಮ್ಮ ಮೈಸೂರು ಅರಮನೆ.

ವಲಿಯನ್ನು ಹೊಸದಾಗಿ ಓದುವವರು ಸೂರತ್ತಿನ ಮಸ್ನವಿಯಿಂದಲೇ ತೊಡಗಲಿ. ಕಲಬುರಗಿ, ವಿಜಯಪುರದ ಓಣಿಗಳಲ್ಲಿ ದಖನಿ ಕೇಳಿ ಬೆಳೆದವರಿಗೆ ಅವನ ನುಡಿ ಪರಕೀಯವೆನಿಸದು. ಪಾರ್ಸಿ ದಟ್ಟವಾಗಿರುವ ಗಜಲುಗಳಿಗೆ ಮಾತ್ರ ಪಕ್ಕದಲ್ಲೊಂದು ನಿಘಂಟು ಇಟ್ಟುಕೊಳ್ಳಬೇಕು.